ಒಮ್ಮೆ ಮುಚ್ಚಿ ಮತ್ತೆ ತೆರೆದ ಮೆಟ್ಸಮೋರ್: ಈ ಸಲದ ಗಡುವು 2036

2023ರ ಡಿಸೆಂಬರ್‌ನಲ್ಲಿ ಅರ್ಮೇನಿಯಾ ರಷ್ಯಾದ ಸರ್ಕಾರಿ ಅಣುಶಕ್ತಿ ಸಂಸ್ಥೆ ರೋಸಾಟಮ್ ಜೊತೆ 6.5 ಕೋಟಿ ಡಾಲರ್‌ನ ಒಪ್ಪಂದ ಮಾಡಿಕೊಂಡಿತು. ಮೆಟ್ಸಮೋರ್ ಅಣು ವಿದ್ಯುತ್ ಸ್ಥಾವರದ ಎರಡನೇ ಘಟಕವನ್ನು 2036ರವರೆಗೆ ಓಡಿಸಲು ತಯಾರು ಮಾಡುವ ಒಪ್ಪಂದ ಅದು. ಈ ಘಟಕ ಕರೆಂಟ್ ಕೊಡಲು ಶುರು ಮಾಡಿದ್ದು 1980ರ ಜನವರಿಯಲ್ಲಿ. ಆಗ ಸೋವಿಯತ್ ಒಕ್ಕೂಟ ಇತ್ತು, ಬ್ರೆಜ್ನೇವ್ ಅಧಿಕಾರದಲ್ಲಿದ್ದರು. 2036 ಬರುವ ಹೊತ್ತಿಗೆ ರಿಯಾಕ್ಟರ್‌ಗೆ 56 ವರ್ಷ ತುಂಬಿರುತ್ತದೆ. ಅದನ್ನು ವಿನ್ಯಾಸ ಮಾಡಿದವರು ಬರೆದಿಟ್ಟ ಆಯಸ್ಸು 30 ವರ್ಷ.

ಮೆಟ್ಸಮೋರ್ ಬಗ್ಗೆ ಬರುವ ಸುದ್ದಿಗಳಲ್ಲಿ ಒಂದಿಷ್ಟು ಮಾತು ತಪ್ಪದೆ ಇರುತ್ತದೆ. ಭೂಕಂಪ ಆಗುವ ಜಾಗದಲ್ಲಿದೆ. ಈಗಿನ ರಿಯಾಕ್ಟರ್‌ಗಳಿಗೆ ಇರುವಂಥ, ವಿಕಿರಣ ಹೊರಗೆ ಹೋಗದಂತೆ ತಡೆಯುವ ಗಟ್ಟಿ ಕಾಂಕ್ರೀಟ್ ಗುಮ್ಮಟ ಇಲ್ಲ. ರಾಜಧಾನಿ ಯೆರೆವಾನ್ ಸುಮಾರು 30 ಕಿ.ಮೀ. ದೂರ, ಟರ್ಕಿಯ ಗಡಿ 16 ಕಿ.ಮೀ. ಇದೆಲ್ಲ ನಿಜ. ಹಾಗಾದ್ರೆ ಮುಚ್ಚಿಬಿಡಬಹುದಲ್ವಾ ಅಂತ ಯಾರಿಗಾದರೂ ಅನ್ನಿಸುತ್ತದೆ. ಆದರೆ ಅರ್ಮೇನಿಯಾ ಈ ಸ್ಥಾವರವನ್ನು ಒಮ್ಮೆ ಮುಚ್ಚಿತ್ತು. ಆರೂವರೆ ವರ್ಷ ಮುಚ್ಚಿಟ್ಟಿತ್ತು. ಆ ಆರೂವರೆ ವರ್ಷದಲ್ಲಿ ಏನಾಯ್ತು ಅಂತ ತಿಳಿಯದೆ ಇವತ್ತಿನ ಚರ್ಚೆ ಅರ್ಥವಾಗುವುದಿಲ್ಲ.

ರಿಯಾಕ್ಟರ್ ಎಷ್ಟು ಹಳೆಯದು ಅಂತ ಎಲ್ಲರೂ ಕೇಳುತ್ತಾರೆ. ಅದನ್ನು ನಿಲ್ಲಿಸುವ ದಿನಕ್ಕೆ ದೇಶ ತಯಾರಾಗಿದೆಯಾ ಅಂತ ಕೇಳುವವರು ಕಡಿಮೆ. ನನ್ನ ಪ್ರಕಾರ ಅಪಾಯ ಜಾಸ್ತಿ ಇರೋದು ಈ ಎರಡನೇ ಪ್ರಶ್ನೆಯಲ್ಲಿ.

ಎಂಥ ರಿಯಾಕ್ಟರ್ ಇದು

ಅರರಾತ್ ಬಯಲಿನಲ್ಲಿ, ಅರ್ಮಾವಿರ್ ಪ್ರಾಂತ್ಯದಲ್ಲಿ ಎರಡು ಘಟಕಗಳಿವೆ. ಮೊದಲನೆಯದು 1976ರಲ್ಲಿ ಶುರುವಾಯಿತು, 1989ರಿಂದ ನಿಂತಿದೆ. ಎರಡೂ ವಿವಿಇಆರ್-440 ಜಾತಿಯ ರಿಯಾಕ್ಟರ್‌ಗಳು. ಚೆರ್ನೋಬಿಲ್‌ನಲ್ಲಿ ಸಿಡಿದದ್ದು ಇದಲ್ಲ. ಅದು ಗ್ರಾಫೈಟ್ ತುಂಬಿದ ಆರ್‌ಬಿಎಂಕೆ. ಮೆಟ್ಸಮೋರ್‌ನಲ್ಲಿ ಗ್ರಾಫೈಟ್ ಇಲ್ಲ. ದಪ್ಪ ಉಕ್ಕಿನ ಪಾತ್ರೆಯೊಳಗೆ ಇಂಧನ ಇರುತ್ತದೆ, ಭಾರೀ ಒತ್ತಡದಲ್ಲಿರುವ ನೀರು ಅದರ ಶಾಖ ಹೊತ್ತು ತರುತ್ತದೆ. ಕೂಡಂಕುಳಂನಲ್ಲಿ ನಾವು ಓಡಿಸುತ್ತಿರುವ ವಿವಿಇಆರ್-1000 ಕೂಡ ಇದೇ ಮನೆತನದ್ದು. ಆದರೆ ಎರಡರ ನಡುವೆ ಒಂದು ಇಡೀ ತಲೆಮಾರಿನ ಅಂತರ ಇದೆ. ಕೂಡಂಕುಳಂಗೆ ಗುಮ್ಮಟ ಇದೆ. ಇಂಧನ ಕರಗಿ ಕೆಳಗೆ ಇಳಿದರೆ ಹಿಡಿದಿಡುವ ವ್ಯವಸ್ಥೆಯೂ ಇದೆ. ಮೆಟ್ಸಮೋರ್ ಕಟ್ಟಿದಾಗ ಇವೆರಡೂ ವಿನ್ಯಾಸದಲ್ಲಿ ಇರಲಿಲ್ಲ.

1960ರ ದಶಕದ ಸೋವಿಯತ್ ಎಂಜಿನಿಯರ್‌ಗಳು ಈ ಮಾದರಿಯ ಲೆಕ್ಕ ಹಾಕಿದಾಗ ಒಂದು ನಂಬಿಕೆ ಇಟ್ಟುಕೊಂಡಿದ್ದರು. ಅರ್ಧ ಮೀಟರ್ ಅಗಲದ ಮುಖ್ಯ ಪೈಪು ಒಡೆಯುವುದೇ ಇಲ್ಲ ಅನ್ನೋದು ಆ ನಂಬಿಕೆ. ಹಾಗಾಗಿ ತುರ್ತು ತಂಪು ವ್ಯವಸ್ಥೆಯನ್ನು ಸಣ್ಣ ಪೈಪು ಒಡೆದರೆ ಸಾಕಾಗುವಷ್ಟು ಮಾತ್ರ ಮಾಡಿದರು. ದೊಡ್ಡದೇನಾದರೂ ಒಡೆದರೆ ಕೋಣೆಯೊಳಗಿನ ಹಬೆ ಕವಾಟ ತಳ್ಳಿಕೊಂಡು ಸೀದಾ ಹೊರಗಿನ ಗಾಳಿಗೆ ಹೋಗುತ್ತದೆ. ಈ ಮಾದರಿಯ ಬಗ್ಗೆ ಯುರೋಪಿಗೆ ದೊಡ್ಡ ಆಕ್ಷೇಪ ಇದ್ದದ್ದೇ ಇಲ್ಲಿ.

ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಇದೇ ಮಾದರಿಗೆ ದೊಡ್ಡ ಗುಣವೂ ಇದೆ. ಇಂಧನಕ್ಕೆ ಹೋಲಿಸಿದರೆ ನೀರು ಧಾರಾಳವಾಗಿದೆ. ನೀರು ಸುತ್ತಿ ಬರಲು ಆರು ಪ್ರತ್ಯೇಕ ಸುತ್ತುಗಳಿವೆ, ಅಡ್ಡಡ್ಡ ಮಲಗಿಸಿದ ದೊಡ್ಡ ಹಬೆ ಬಾಯ್ಲರ್‌ಗಳಿವೆ. ಎಲ್ಲ ಪಂಪು ನಿಂತರೂ ನೀರು ಆವಿಯಾಗಿ ಇಂಧನ ನೀರಿಲ್ಲದೆ ಬಯಲಾಗಲು ಹೊಸ ದೊಡ್ಡ ರಿಯಾಕ್ಟರ್‌ಗಳಿಗಿಂತ ಜಾಸ್ತಿ ಹೊತ್ತು ಬೇಕು. ಅಷ್ಟು ಹೊತ್ತು ಆಪರೇಟರ್‌ಗಳ ಕೈಗೆ ಸಿಗುತ್ತದೆ.

ಆ ಸಮಯಕ್ಕೆ ಎಷ್ಟು ಬೆಲೆ ಅನ್ನೋದು 1982ರ ಅಕ್ಟೋಬರ್ 15ರಂದು ಇಲ್ಲೇ ಗೊತ್ತಾಯಿತು. ಮೊದಲ ಘಟಕದ ಕೇಬಲ್ ಸುರಂಗದಲ್ಲಿ ಬೆಂಕಿ ಹೊತ್ತಿಕೊಂಡಿತು. ಕರೆಂಟ್ ಕೊಡುವ ಕೇಬಲ್ಲು, ಮೀಟರ್‌ಗಳ ಕೇಬಲ್ಲು, ಮುಖ್ಯ ವ್ಯವಸ್ಥೆ, ಬದಲಿ ವ್ಯವಸ್ಥೆ ಎಲ್ಲದರ ತಂತಿಗಳೂ ಒಂದೇ ಸುರಂಗದಲ್ಲಿ ಹಾದುಹೋಗಿದ್ದವು. ಒಂದು ಬೆಂಕಿಗೆ ಎಲ್ಲವೂ ಒಟ್ಟಿಗೆ ಹೋದವು. ಪಂಪುಗಳು ನಿಂತವು, ನಿಯಂತ್ರಣ ಕೊಠಡಿಯ ಸೂಚಕಗಳು ಕೈಕೊಟ್ಟವು. ಕೊನೆಗೆ ಸಿಬ್ಬಂದಿ ಡೀಸೆಲ್ ಜನರೇಟರಿನಿಂದ ಒಂದು ಪಂಪಿಗೆ ತಾತ್ಕಾಲಿಕ ಕೇಬಲ್ ಎಳೆದು ರಿಯಾಕ್ಟರ್‌ಗೆ ನೀರು ಹಾಯಿಸಿದರು. ಇಂಧನಕ್ಕೆ ಹಾನಿಯಾಗಲಿಲ್ಲ. ಚೆರ್ನೋಬಿಲ್‌ಗೆ ಮೂರೂವರೆ ವರ್ಷ ಮೊದಲು, ಇನ್ನೊಂದು ಸೋವಿಯತ್ ಸ್ಥಾವರದಲ್ಲಿ, ಕೈಯಲ್ಲಿ ಕೇಬಲ್ ಹಿಡಿದು ಓಡಿದ ಕೆಲವು ಕೆಲಸಗಾರರಿಂದ ಒಂದು ಅನಾಹುತ ತಪ್ಪಿತು. ಇದನ್ನು ಇನ್ನೂ ಜಾಸ್ತಿ ಜನ ತಿಳಿದಿರಬೇಕಿತ್ತು.

ಭೂಕಂಪ, ಆಮೇಲೆ ಕತ್ತಲೆ

ಚೆರ್ನೋಬಿಲ್ ಆದ ಮರುವರ್ಷ, 1987ರ ಅಕ್ಟೋಬರ್‌ನಲ್ಲಿ ಯೆರೆವಾನ್‌ನ ಜನ ಬೀದಿಗೆ ಇಳಿದರು. ನೈರಿತ್ ರಾಸಾಯನಿಕ ಕಾರ್ಖಾನೆಯನ್ನೂ ಮೆಟ್ಸಮೋರ್ ಸ್ಥಾವರವನ್ನೂ ಮುಚ್ಚಿ ಅನ್ನೋದು ಅವರ ಬೇಡಿಕೆ. ಸೋವಿಯತ್ ಕಾಲದಲ್ಲಿ ಇಂಥ ಮೆರವಣಿಗೆ ಸಣ್ಣ ಮಾತಲ್ಲ.

1988ರ ಡಿಸೆಂಬರ್ 7ರಂದು ಬೆಳಿಗ್ಗೆ 11 ಗಂಟೆ 41 ನಿಮಿಷಕ್ಕೆ ಉತ್ತರ ಅರ್ಮೇನಿಯಾ ನಡುಗಿತು. ತೀವ್ರತೆ 6.8. ಸ್ಪಿತಾಕ್ ಪಟ್ಟಣ ನೆಲಸಮವಾಯಿತು. ಇವತ್ತು ಗ್ಯುಮ್ರಿ ಎನ್ನುವ, ಆಗ ಲೆನಿನಾಕಾನ್ ಆಗಿದ್ದ ಊರಿನಲ್ಲಿ ಕಳಪೆ ಕಾಂಕ್ರೀಟಿನ ಅಪಾರ್ಟ್‌ಮೆಂಟುಗಳು ಕುಸಿದವು. ಕನಿಷ್ಠ 25,000 ಜನ ಸತ್ತರು. ನ್ಯೂಯಾರ್ಕಿನಲ್ಲಿದ್ದ ಗೋರ್ಬಚೇವ್ ಪ್ರವಾಸ ಮೊಟಕು ಮಾಡಿ ವಾಪಸ್ ಬಂದರು. ಭೂಕಂಪದ ಕೇಂದ್ರದಿಂದ ಮೆಟ್ಸಮೋರ್ ಸುಮಾರು 75 ಕಿ.ಮೀ. ದೂರ. ಸ್ಥಾವರಕ್ಕೆ ಏನೂ ಆಗಲಿಲ್ಲ, ಅದು ಓಡುತ್ತಲೇ ಇತ್ತು. ಭೂಕಂಪದ ಭಯ ಇಟ್ಟುಕೊಂಡೇ ಈ ಎರಡು ಘಟಕಗಳಿಗೆ ಬೇರೆ ವಿವಿಇಆರ್-440ಗಳಿಗಿಂತ ಹೆಚ್ಚು ಆಧಾರ ಕೊಟ್ಟು ಕಟ್ಟಿದ್ದರು.

ಆದರೂ ಅಷ್ಟು ಹೆಣ ನೋಡಿದ ಜನರಿಗೆ ಇನ್ನೊಂದು ಭೂಕಂಪವನ್ನೂ ಅದು ತಡೆಯುತ್ತದೆ ಅಂತ ನಂಬಿಸಲು ಯಾರಿಂದಲೂ ಆಗುತ್ತಿರಲಿಲ್ಲ. 1989ರ ಫೆಬ್ರವರಿಯಲ್ಲಿ ಮೊದಲ ಘಟಕ, ಮಾರ್ಚ್‌ನಲ್ಲಿ ಎರಡನೆಯದು ನಿಂತವು. ಆ ನಿರ್ಧಾರವನ್ನು ತಪ್ಪು ಅನ್ನಲು ನನಗೆ ಮನಸ್ಸು ಬರುವುದಿಲ್ಲ. ಆ ಹೊತ್ತಿನಲ್ಲಿ ಯಾವ ಸರ್ಕಾರವಾದರೂ ಅದನ್ನೇ ಮಾಡುತ್ತಿತ್ತು. ಮಾಸ್ಕೋ ಇದೆ, ಸೋವಿಯತ್ ವಿದ್ಯುತ್ ಜಾಲ ಇದೆ, ಅಜರ್‌ಬೈಜಾನ್‌ನಿಂದ ತೈಲ, ಗ್ಯಾಸ್ ಬರುತ್ತದೆ ಅನ್ನೋದು ಆಗಿನ ಲೆಕ್ಕ.

ಮೂರೇ ವರ್ಷದಲ್ಲಿ ಆ ಲೆಕ್ಕದ ಒಂದೊಂದು ಸಾಲೂ ಸುಳ್ಳಾಯಿತು. ಅಜರ್‌ಬೈಜಾನ್ ಒಳಗಿದ್ದ, ಅರ್ಮೇನಿಯನ್ನರೇ ಹೆಚ್ಚಿದ್ದ ನಗೋರ್ನೊ-ಕರಾಬಖ್ ಪ್ರದೇಶದ ವಿಚಾರಕ್ಕೆ ಅಜರ್‌ಬೈಜಾನ್ ಜೊತೆ ಯುದ್ಧ ಶುರುವಾಯಿತು. ಅಜರ್‌ಬೈಜಾನ್ ರೈಲು, ಗ್ಯಾಸ್ ಎರಡನ್ನೂ ನಿಲ್ಲಿಸಿತು. 1991ರ ಕೊನೆಗೆ ಸೋವಿಯತ್ ಒಕ್ಕೂಟವೇ ಇಲ್ಲವಾಯಿತು. 1993ರಲ್ಲಿ ಟರ್ಕಿ ಗಡಿ ಮುಚ್ಚಿತು. ಉಳಿದದ್ದು ಜಾರ್ಜಿಯಾದ ಮೂಲಕ ಬರುವ ಒಂದೇ ಗ್ಯಾಸ್ ಪೈಪು. ಅಲ್ಲೂ ಒಳಜಗಳ, ಪದೇ ಪದೇ ಆ ಪೈಪನ್ನು ಸ್ಫೋಟಿಸುತ್ತಿದ್ದರು.

ಅರ್ಮೇನಿಯಾದ ಜನ 1992ರಿಂದ 1995ರವರೆಗಿನ ದಿನಗಳನ್ನು ಕತ್ತಲೆಯ, ಚಳಿಯ ವರ್ಷಗಳು ಅಂತಲೇ ಕರೆಯುತ್ತಾರೆ. ಯೆರೆವಾನ್‌ನ ಚಳಿಗಾಲದಲ್ಲಿ ತಾಪಮಾನ ಸೊನ್ನೆಗಿಂತ ಬಹಳ ಕೆಳಗೆ ಹೋಗುತ್ತದೆ. ಕರೆಂಟ್ ದಿನಕ್ಕೆ ಒಂದೆರಡು ಗಂಟೆ. ಅದು ಯಾವಾಗ ಬರುತ್ತದೆ ಅಂತಲೂ ಗೊತ್ತಿಲ್ಲ. ಬಹುಮಹಡಿ ಕಟ್ಟಡಗಳಲ್ಲಿ ಲಿಫ್ಟ್ ಇಲ್ಲ, ಪಂಪ್ ಇಲ್ಲದೆ ನೀರೂ ಇಲ್ಲ. ಮನೆಗಳಲ್ಲಿ ತಗಡಿನ ಒಲೆ ಬಂದವು, ಅವುಗಳ ಕೊಳವೆ ಕಿಟಕಿಯಿಂದ ಹೊರಗೆ ಚಾಚಿಕೊಂಡವು. ಪಾರ್ಕಿನ ಮರ, ರಸ್ತೆ ಬದಿಯ ಮರ ಕಡಿದರು. ಅದು ಮುಗಿದ ಮೇಲೆ ಕುರ್ಚಿ, ಮರದ ನೆಲಹಾಸು, ಪುಸ್ತಕ ಎಲ್ಲ ಒಲೆಗೆ ಹೋದವು. ಭೂಕಂಪದಲ್ಲಿ ಮನೆ ಕಳೆದುಕೊಂಡವರಲ್ಲಿ ಎಷ್ಟೋ ಜನ ಆಗಿನ್ನೂ ತಾತ್ಕಾಲಿಕ ಶೆಡ್ಡುಗಳಲ್ಲೇ ಇದ್ದರು.

ಸೆವಾನ್ ಸರೋವರದ ಕಥೆ ಇನ್ನೂ ಬೇಸರದ್ದು. ಈ ದೇಶಕ್ಕೆ ಸಮುದ್ರ ಇಲ್ಲ, ಸೆವಾನ್ ಅಂದರೆ ಜನರಿಗೆ ಬಲು ಪ್ರೀತಿ. ಸೋವಿಯತ್ ಕಾಲದಲ್ಲಿ ಜಲವಿದ್ಯುತ್ತಿಗೆ, ನೀರಾವರಿಗೆ ಅದರ ನೀರು ಬಿಟ್ಟು ಬಿಟ್ಟು ಮಟ್ಟ ಹತ್ತೊಂಬತ್ತು ಮೀಟರಿನಷ್ಟು ಇಳಿದಿತ್ತು. ಅದನ್ನು ಉಳಿಸಲು ಅರ್ಪಾ ನದಿಯ ನೀರನ್ನು ಸುರಂಗದಲ್ಲಿ ತಿರುಗಿಸಿ ತಂದಿದ್ದರು. ಆ ಸುರಂಗ 1981ರಲ್ಲಿ ಮುಗಿಯಿತು, ಮಟ್ಟ ನಿಧಾನಕ್ಕೆ ಚೇತರಿಸಿಕೊಳ್ಳುತ್ತಿತ್ತು. ಕತ್ತಲೆಯ ವರ್ಷಗಳಲ್ಲಿ ಬೇರೆ ದಾರಿ ಕಾಣದೆ ಮತ್ತೆ ಸರೋವರದ ನೀರನ್ನೇ ಟರ್ಬೈನ್‌ಗೆ ಬಿಟ್ಟರು. ಪರಿಸರ ಉಳಿಸಲು ಅಣು ಸ್ಥಾವರ ಮುಚ್ಚಿ ಅಂತ ಕೇಳಿದ್ದ ಊರಿನಲ್ಲಿ ಕಾಡೂ ಹೋಯಿತು, ಕೆರೆಯೂ ಸೊರಗಿತು.

1993ರಲ್ಲಿ ಸರ್ಕಾರ ಎರಡನೇ ಘಟಕವನ್ನು ಮತ್ತೆ ತೆರೆಯುವ ತೀರ್ಮಾನಕ್ಕೆ ಬಂತು. ಇಷ್ಟು ವರ್ಷ ನಿಂತಿದ್ದ ರಿಯಾಕ್ಟರ್ ಒಂದನ್ನು ಮತ್ತೆ ಓಡಿಸಿದ ಅನುಭವ ಆಗ ಜಗತ್ತಿನಲ್ಲೇ ಬಹಳ ಕಡಿಮೆ ಇತ್ತು. ಒಂದೊಂದೇ ಪೈಪು, ಕವಾಟ, ಬೆಸುಗೆ ಪರೀಕ್ಷಿಸಿ, ಬೆಂಕಿ ತಡೆಯುವ ವ್ಯವಸ್ಥೆ ಬದಲಿಸಿ, ರಷ್ಯಾದ ನೆರವಿನಿಂದ 1995ರ ನವೆಂಬರ್ 5ರಂದು ಅದನ್ನು ಮತ್ತೆ ಶುರು ಮಾಡಿದರು. ಗಡಿಗಳು ಮುಚ್ಚಿದ್ದರಿಂದ ಅಣು ಇಂಧನ ವಿಮಾನದಲ್ಲಿ ಬಂತು. ದಿನವಿಡೀ ಕರೆಂಟ್ ಇರುವ ಮನೆ ಅರ್ಮೇನಿಯಾಕ್ಕೆ ಮತ್ತೆ ಸಿಕ್ಕಿತು. ಮೆಟ್ಸಮೋರ್ ಮುಚ್ಚಿ ಅಂತ ಯುರೋಪಿಯನ್ ಒಕ್ಕೂಟದ ಕಚೇರಿ ಇರುವ ಬ್ರಸೆಲ್ಸ್‌ನಿಂದ ಬಂದವರು ಹೇಳಿದಾಗ ಅಲ್ಲಿನ ನಡುವಯಸ್ಸಿನ ಒಬ್ಬರ ತಲೆಯಲ್ಲಿ ಮೊದಲು ಬರುವುದು ವಿಕಿರಣ ಅಲ್ಲ, ಆ ತಗಡಿನ ಒಲೆ. ಇದು ಮೊಂಡುತನ ಅಲ್ಲ. ಅವರು ಅನುಭವಿಸಿದ್ದಾರೆ.

ಉಕ್ಕಿಗೂ ವಯಸ್ಸಾಗುತ್ತದೆ

ಹಳೇ ಸ್ಥಾವರ ಅಂದಾಗ ಏನು ಹಳೆಯದಾಗುತ್ತದೆ? ಪಂಪು, ಕೇಬಲ್ಲು, ಟರ್ಬೈನು, ನಿಯಂತ್ರಣ ಫಲಕ ಎಲ್ಲ ಬದಲಿಸಬಹುದು. ಮೆಟ್ಸಮೋರ್‌ನಲ್ಲಿ ಬಹಳಷ್ಟನ್ನು ಬದಲಿಸಿಯೂ ಆಗಿದೆ. ಬದಲಿಸಲು ಆಗದ ಒಂದೇ ವಸ್ತು ರಿಯಾಕ್ಟರಿನ ಉಕ್ಕಿನ ಪಾತ್ರೆ.

ಇಲ್ಲಿ ಕೈಗಾ ಜೊತೆ ಒಂದು ವ್ಯತ್ಯಾಸ ನೋಡಿ. ಕೈಗಾದ 220 ಮೆಗಾವಾಟ್ ರಿಯಾಕ್ಟರ್‌ಗಳು ಭಾರಜಲದ ಮಾದರಿ. ಅಲ್ಲಿ ಒಂದೇ ದೊಡ್ಡ ಪಾತ್ರೆಯ ಬದಲು 306 ಒತ್ತಡದ ಕೊಳವೆಗಳಿವೆ, ಇಂಧನ ಅವುಗಳೊಳಗೆ ಇರುತ್ತದೆ. ಕೊಳವೆಗಳಿಗೆ ವಯಸ್ಸಾದರೆ ಎಲ್ಲವನ್ನೂ ಕಿತ್ತು ಹೊಸದು ಹಾಕಬಹುದು. ಕಲ್ಪಾಕ್ಕಂ, ನರೋರಾ, ಕಾಕ್ರಪಾರ್‌ಗಳಲ್ಲಿ ನಮ್ಮವರು ಇದನ್ನು ಮಾಡಿದ್ದಾರೆ. ಮೆಟ್ಸಮೋರ್‌ಗೆ ಆ ಅನುಕೂಲ ಇಲ್ಲ.

ಇಂಧನದಿಂದ ಹಾರುವ ನ್ಯೂಟ್ರಾನ್‌ಗಳು ವರ್ಷಗಟ್ಟಲೆ ಪಾತ್ರೆಯ ಗೋಡೆಗೆ ಬಡಿಯುತ್ತವೆ. ಉಕ್ಕಿನ ಅಣುಗಳ ಜೋಡಣೆ ಜಾರುತ್ತದೆ, ಉಕ್ಕು ಬಾಗುವ ಗುಣ ಕಳೆದುಕೊಂಡು ಪೆಡಸಾಗುತ್ತದೆ. ಸೋವಿಯತ್ ಕಾಲದಲ್ಲಿ ಈ ಪಾತ್ರೆಯನ್ನು ರೈಲಿನಲ್ಲಿ ಸಾಗಿಸಲು ಆಗುವಷ್ಟು ಸಪೂರ ಮಾಡಿದ್ದರು. ಹಾಗಾಗಿ ಇಂಧನಕ್ಕೂ ಗೋಡೆಗೂ ನಡುವೆ ನೀರಿನ ಪದರ ತೆಳು, ಗೋಡೆಗೆ ಬೀಳುವ ಪೆಟ್ಟು ಜಾಸ್ತಿ. ಪಾತ್ರೆಯ ಸುತ್ತಳತೆಗೆ ಹಾಕಿದ ಬೆಸುಗೆ, ಅದರಲ್ಲೂ ಇಂಧನದ ಎದುರಿಗೇ ಬರುವ ಬೆಸುಗೆ, ಎಲ್ಲಕ್ಕಿಂತ ದುರ್ಬಲ ಜಾಗ. ಆ ಬೆಸುಗೆಯಲ್ಲಿ ತಾಮ್ರ, ರಂಜಕದ ಅಂಶ ಇದ್ದಷ್ಟೂ ಅದು ಬೇಗ ಪೆಡಸಾಗುತ್ತದೆ. ಮಾಮೂಲಿ ದಿನ ಇದರಿಂದ ತೊಂದರೆ ಇಲ್ಲ. ತುರ್ತು ಸಂದರ್ಭದಲ್ಲಿ ಬಿಸಿ ಪಾತ್ರೆಗೆ ತಣ್ಣೀರು ನುಗ್ಗಿದರೆ, ಆ ಪೆಡಸು ಬೆಸುಗೆ ಬಿರುಕು ಬಿಡಬಹುದು. ಪಾತ್ರೆಯೇ ಒಡೆದರೆ ಅದಕ್ಕೆ ಬದಲಿ ವ್ಯವಸ್ಥೆ ಯಾರ ಹತ್ತಿರವೂ ಇಲ್ಲ.

ಇದಕ್ಕೆ ರಷ್ಯನ್ನರು ಕಂಡುಕೊಂಡ ಮದ್ದು ಕಮ್ಮಾರನ ಮದ್ದೇ. ಬಡಿದು ಬಡಿದು ಪೆಡಸಾದ ಕಬ್ಬಿಣವನ್ನು ಅವನು ಕಾಯಿಸಿ ನಿಧಾನ ಆರಿಸುತ್ತಾನಲ್ಲ, ಹಾಗೆ. 2021ರಲ್ಲಿ ಮೆಟ್ಸಮೋರ್ ಘಟಕವನ್ನು ಸುಮಾರು ನಾಲ್ಕೂವರೆ ತಿಂಗಳು ನಿಲ್ಲಿಸಿ ಇದನ್ನು ಮಾಡಿದರು. ಮೊದಲು ಇಂಧನವನ್ನೆಲ್ಲ ಹೊರತೆಗೆಯಬೇಕು. ಪಾತ್ರೆಯ ಒಳಗಿನ ಭಾಗಗಳನ್ನು ಎತ್ತಿಡಬೇಕು, ನೀರು ಖಾಲಿ ಮಾಡಬೇಕು. ಆಮೇಲೆ ಬಳೆಯಾಕಾರದ ವಿದ್ಯುತ್ ಹೀಟರ್ ಒಂದನ್ನು ಮೇಲಿನಿಂದ ಇಳಿಸಿ ಸರಿಯಾಗಿ ಬೆಸುಗೆಯ ಮಟ್ಟಕ್ಕೆ ನಿಲ್ಲಿಸುತ್ತಾರೆ. ಈ ಮಾದರಿಯ ಪಾತ್ರೆಗಳಿಗೆ ರೂಢಿಯಲ್ಲಿರುವ ಲೆಕ್ಕ ಸುಮಾರು 475 ಡಿಗ್ರಿ ಸೆಲ್ಸಿಯಸ್ ಶಾಖ. ಅದನ್ನು ದಿನಗಟ್ಟಲೆ ಹಾಗೇ ಹಿಡಿದಿಟ್ಟು, ಆಮೇಲೆ ಗಂಟೆಗೆ ಇಷ್ಟೇ ಡಿಗ್ರಿ ಅಂತ ನಿಧಾನವಾಗಿ ಇಳಿಸಬೇಕು. ಜಾರಿದ ಅಣುಗಳು ಬಹುಮಟ್ಟಿಗೆ ಜಾಗಕ್ಕೆ ಮರಳುತ್ತವೆ. 1987ರಲ್ಲಿ ರಷ್ಯಾದ ನೊವೊವೊರೊನೆಜ್ ಸ್ಥಾವರದಲ್ಲಿ ಈ ಜಾತಿಯ ಪಾತ್ರೆಗೆ ಇದನ್ನು ಮಾಡಿದ್ದರು. ಆಮೇಲೆ ಹಲವು ಕಡೆ ಮಾಡಿದ್ದಾರೆ.

ಇದು ನಂಬಬಹುದಾದ ತಂತ್ರ. ಆದರೆ ಇದರಿಂದ ಪಾತ್ರೆ ಹೊಸದಾಗುವುದಿಲ್ಲ. ಮತ್ತೆ ಓಡಿಸಿದ ದಿನದಿಂದ ಪೆಡಸಾಗುವುದು ಮತ್ತೆ ಶುರು. ಎಷ್ಟು ವೇಗವಾಗಿ ಅನ್ನೋದನ್ನು ಅದೇ ಉಕ್ಕಿನ ಮಾದರಿ ತುಂಡುಗಳನ್ನು ಪರೀಕ್ಷಿಸಿಯೇ ಹೇಳಬೇಕು. ಈ ಹಳೇ ಪೀಳಿಗೆಯ ರಿಯಾಕ್ಟರ್‌ಗಳಲ್ಲಿ ಅಂಥ ತುಂಡುಗಳನ್ನು ಮೊದಲಿನಿಂದ ಒಳಗಿಟ್ಟು ಗಮನಿಸುವ ಪದ್ಧತಿ ಇರಲಿಲ್ಲ ಅನ್ನೋದು ದೊಡ್ಡ ಕೊರತೆ. ಅಂತರರಾಷ್ಟ್ರೀಯ ಅಣುಶಕ್ತಿ ಸಂಸ್ಥೆಯ ತಂಡಗಳು ಮೆಟ್ಸಮೋರ್‌ಗೆ ಹಲವು ಸಲ ಬಂದಿವೆ. ಫುಕುಶಿಮಾ ನಂತರ ದೊಡ್ಡ ಅನಾಹುತವನ್ನು ಸ್ಥಾವರ ತಾಳುತ್ತದಾ ಅಂತ ನೋಡುವ ಯುರೋಪಿನ ಮಾದರಿಯ ಸ್ಟ್ರೆಸ್ ಟೆಸ್ಟ್ ಕೂಡ ಆಗಿದೆ. 1982ರ ಸ್ಥಾವರಕ್ಕೂ ಇವತ್ತಿನದಕ್ಕೂ ಬಹಳ ವ್ಯತ್ಯಾಸ ಇದೆ, ಅದನ್ನು ಒಪ್ಪದೆ ಸುಮ್ನೆ ಹೆದರಿಸುವುದು ಸರಿಯಲ್ಲ. ಇದೇ ಹಳೇ ವಿವಿಇಆರ್-440 ಪೀಳಿಗೆಯ ಘಟಕಗಳು ರಷ್ಯಾದ ಕೋಲಾದಲ್ಲಿ ಇನ್ನೂ ಓಡುತ್ತಿವೆ. ಆದರೆ ಗುಮ್ಮಟವನ್ನು ಆಮೇಲೆ ಕಟ್ಟಲು ಆಗುವುದಿಲ್ಲ, ಭೂಕಂಪದ ವಲಯದಿಂದ ಸ್ಥಾವರವನ್ನು ಎತ್ತಿಡಲೂ ಆಗುವುದಿಲ್ಲ. ಇವೆರಡು ಕೊನೆಯವರೆಗೂ ಹಾಗೇ ಉಳಿಯುತ್ತವೆ.

ಜರುಗುತ್ತಲೇ ಇರುವ ಗಡುವು

1990ರ ದಶಕದ ಕೊನೆಯಲ್ಲಿ ಅರ್ಮೇನಿಯಾ ಯುರೋಪಿಗೆ ಕೊಟ್ಟ ಮಾತು 2004. ಆ ವರ್ಷದೊಳಗೆ ಮುಚ್ಚುತ್ತೇವೆ, ಬದಲಿ ವಿದ್ಯುತ್ ಸಿಕ್ಕರೆ ಅಂತ. ಯುರೋಪಿಯನ್ ಒಕ್ಕೂಟ 10 ಕೋಟಿ ಯೂರೋ ಕೊಡಲು ಮುಂದೆ ಬಂತು. ಬದಲಿ ವಿದ್ಯುತ್ ಕಟ್ಟಲು ಬೇಕಾದದ್ದು ಅದರ ಹಲವು ಪಟ್ಟು. 2004 ಹೋಯಿತು. ಮಧ್ಯೆ ನಿಂತಿದ್ದ ಆರೂವರೆ ವರ್ಷ ಬಿಟ್ಟು 30 ವರ್ಷ ಎಣಿಸಿದರೆ 2016 ಬರುತ್ತದೆ. ಅದೂ ಹೋಯಿತು. 2015ರಲ್ಲಿ ರಷ್ಯಾ 27 ಕೋಟಿ ಡಾಲರ್ ಸಾಲ, 3 ಕೋಟಿ ಡಾಲರ್ ಅನುದಾನ ಕೊಡಲು ಒಪ್ಪಿತು, ಗಡುವು 2026 ಆಯಿತು. 2020ರಲ್ಲಿ ಅರ್ಮೇನಿಯಾ ಉಳಿದ ಸಾಲ ಬೇಡ ಅಂದು ಸ್ವಂತ ದುಡ್ಡಿನಿಂದ ಕೆಲಸ ಮುಗಿಸಿತು. ಈಗ 2036.

ಒಂದೊಂದು ಸಲವೂ ಗಡುವು ಜರುಗಿದ್ದಕ್ಕೆ ಕಾರಣ ಒಂದೇ. ದೇಶದ ವಿದ್ಯುತ್ತಿನಲ್ಲಿ ಸುಮಾರು ಮೂರನೇ ಒಂದು ಭಾಗ ಈ ಒಂದು ಘಟಕದಿಂದ ಬರುತ್ತದೆ. ಉಳಿದದ್ದರಲ್ಲಿ ಸೆವಾನ್-ಹ್ರಾಜ್ದಾನ್ ಮತ್ತು ವೊರೊತಾನ್ ನದಿಗಳ ಜಲವಿದ್ಯುತ್ ಇದೆ, ಗ್ಯಾಸ್ ಸ್ಥಾವರಗಳಿವೆ, ಈಚೆಗೆ ಸೋಲಾರ್ ಚೆನ್ನಾಗಿ ಬೆಳೆದಿದೆ. ಗ್ಯಾಸ್ ಬಹುಪಾಲು ರಷ್ಯಾದಿಂದ, ಅದೇ ಜಾರ್ಜಿಯಾದ ದಾರಿಯಲ್ಲಿ ಬರುತ್ತದೆ. ಇರಾನ್‌ನಿಂದ ಬರುವ ಗ್ಯಾಸ್‌ಗೆ ದುಡ್ಡಿನ ಬದಲು, ಒಂದು ಘನ ಮೀಟರ್‌ಗೆ ಮೂರು ಯೂನಿಟ್ ಕರೆಂಟ್ ವಾಪಸ್ ಕೊಡಬೇಕು. ಮೆಟ್ಸಮೋರ್ ನಿಂತ ದಿನವೇ ಅದರ ಜಾಗವನ್ನು ತುಂಬುವುದು ಗ್ಯಾಸ್. ಅಂದರೆ ರಷ್ಯಾದ ಗ್ಯಾಸ್ ಕಂಪನಿ ಗಾಜ್‌ಪ್ರೋಮ್. ಅಣು ಇಂಧನವೂ ರಷ್ಯಾದ್ದೇ, ಬಿಡಿಭಾಗವೂ ರಷ್ಯಾದ್ದೇ. ಯಾವ ಕಡೆ ಹೊರಳಿದರೂ ಮಾಸ್ಕೋ ಸಿಗುತ್ತದೆ. 2023ರಲ್ಲಿ ಕರಾಬಖ್‌ನ ಅರ್ಮೇನಿಯನ್ ಜನ ಊರು ಬಿಟ್ಟು ಬಂದ ಮೇಲೆ, ರಷ್ಯಾ ಅವರನ್ನು ಕಾಯಲಿಲ್ಲ ಅಂತ, ಅದರ ಮೇಲಿನ ನಂಬಿಕೆ ಮುರಿದುಬಿದ್ದಿದೆ. ಅದೇ ವರ್ಷದ ಕೊನೆಗೆ ರೋಸಾಟಮ್ ಜೊತೆ ಸಹಿ ಹಾಕಬೇಕಾಯಿತು. ಎಷ್ಟು ಇಕ್ಕಟ್ಟು ಅನ್ನೋದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ. 2020ರ ಜುಲೈನಲ್ಲಿ ಅಜರ್‌ಬೈಜಾನ್ ರಕ್ಷಣಾ ಇಲಾಖೆಯ ವಕ್ತಾರರು ಮೆಟ್ಸಮೋರ್ ಮೇಲೆ ಕ್ಷಿಪಣಿ ಹಾಕಬಲ್ಲೆವು ಅಂತ ಬಹಿರಂಗವಾಗಿ ಹೇಳಿದ್ದೂ ಇದೆ. ಅಂಥ ಮಾತನ್ನು ಯಾವ ದೇಶವೂ ಆಡಬಾರದು.

ಹೊಸ ಸ್ಥಾವರದ ಮಾತು ಹತ್ತಾರು ವರ್ಷದಿಂದ ಇದೆ. ರಷ್ಯಾದ ವಿವಿಇಆರ್-1200 ಸಿಗುತ್ತದೆ. ಟರ್ಕಿಯೂ ಅಕ್ಕುಯುನಲ್ಲಿ ರೋಸಾಟಮ್‌ನಿಂದ ಅದನ್ನೇ ನಾಲ್ಕು ಕಟ್ಟಿಸುತ್ತಿದೆ. ಆದರೆ ಅರ್ಮೇನಿಯಾದ ಜನಸಂಖ್ಯೆ 30 ಲಕ್ಷ. ಇಡೀ ದೇಶದ ಗರಿಷ್ಠ ಬೇಡಿಕೆಯಷ್ಟೇ ದೊಡ್ಡದಾದ ಒಂದು ಘಟಕ ಕಟ್ಟಿದರೆ, ಅದು ಒಂದು ದಿನ ಟ್ರಿಪ್ ಆದರೆ ದೇಶವೇ ಕತ್ತಲಾಗುತ್ತದೆ. ಹಾಗಾಗಿ ಕಾರ್ಖಾನೆಯಲ್ಲಿ ಭಾಗ ಭಾಗವಾಗಿ ತಯಾರಿಸಿ ತಂದು ಜೋಡಿಸುವ ಸಣ್ಣ ಮಾಡ್ಯುಲರ್ ರಿಯಾಕ್ಟರ್ ಬೇಕು ಅನ್ನೋ ಕಡೆಗೆ ಸರ್ಕಾರದ ಒಲವು. 2022ರಲ್ಲಿ ಅಮೆರಿಕ ಜೊತೆ ಅಣುಶಕ್ತಿ ಸಹಕಾರದ ತಿಳುವಳಿಕೆ ಪತ್ರಕ್ಕೆ ಸಹಿ ಆಯಿತು. 2024ರಲ್ಲಿ ಹೊಸ ಘಟಕದ ಅಧ್ಯಯನಕ್ಕೆ ಪ್ರತ್ಯೇಕ ಕಂಪನಿ ಮಾಡಿದರು. ಲೆಕ್ಕ ಚೆನ್ನಾಗಿದೆ. ಆದರೆ ಪಶ್ಚಿಮದ ದೇಶಗಳ ಸಣ್ಣ ರಿಯಾಕ್ಟರ್‌ಗಳು ಇನ್ನೂ ಕಾಗದದಿಂದ ನೆಲಕ್ಕೆ ಇಳಿಯುತ್ತಿರುವ ಹಂತದಲ್ಲಿವೆ. ಜಾಗ ಆರಿಸಿ, ಅನುಮತಿ ಪಡೆದು, ಕಟ್ಟಿ ಮುಗಿಸಲು ಹತ್ತು ವರ್ಷ ಹಿಡಿಯುವುದು ಮಾಮೂಲು. 2036ರಿಂದ ಹಿಂದಕ್ಕೆ ಎಣಿಸಿದರೆ ಕೈಯಲ್ಲಿ ಸಮಯವೇ ಉಳಿದಿಲ್ಲ.

ಕಳಚುವ ಕೆಲಸ ಯಾರದು?

ಮುಚ್ಚೋದು ಬೇರೆ, ಕಳಚೋದು ಬೇರೆ. ಸ್ವಿಚ್ ಆರಿಸಿದ ಮೇಲೂ ಇಂಧನ ಬಿಸಿಯಾಗಿಯೇ ಇರುತ್ತದೆ. ಅದನ್ನು ವರ್ಷಗಟ್ಟಲೆ ನೀರಿನ ಕೊಳದಲ್ಲಿಟ್ಟು ಆಮೇಲೆ ಒಣ ಉಗ್ರಾಣಕ್ಕೆ ಸಾಗಿಸಬೇಕು. ಫ್ರೆಂಚ್ ತಂತ್ರಜ್ಞಾನದ ಕಾಂಕ್ರೀಟ್ ಉಗ್ರಾಣ ಮೆಟ್ಸಮೋರ್‌ನಲ್ಲಿ 2000ದಿಂದ ಇದೆ. ಆಮೇಲೆ ಪೈಪುಗಳನ್ನು ತೊಳೆಯಬೇಕು, ಕತ್ತರಿಸಬೇಕು, ಒಂದೊಂದು ತುಂಡಿನ ವಿಕಿರಣ ಅಳೆದು ಬೇರೆ ಮಾಡಬೇಕು. ಕೊನೆಗೆ ಪಾತ್ರೆ. ಜರ್ಮನಿಯ ಗ್ರೈಫ್ಸ್‌ವಾಲ್ಡ್‌ನಲ್ಲಿ ಇದೇ ವಿವಿಇಆರ್-440ಗಳಿದ್ದವು, ದೇಶ ಒಂದಾದ 1990ರಲ್ಲಿ ಮುಚ್ಚಿದರು. ಅಲ್ಲಿ ಪಾತ್ರೆಗಳನ್ನು ಕತ್ತರಿಸದೆ ಇಡಿಯಾಗಿ ಎತ್ತಿ ಪಕ್ಕದ ಉಗ್ರಾಣಕ್ಕೆ ಸಾಗಿಸಿದರು. ಸ್ಲೊವಾಕಿಯಾದ ಬೊಹುನಿತ್ಸೆಯಲ್ಲಿ ಕತ್ತರಿಸುವ ದಾರಿ ಹಿಡಿದರು. ಬಲ್ಗೇರಿಯಾದ ಕೊಜ್ಲೊದುಯ್‌ನಲ್ಲೂ ಮೊದಲ ನಾಲ್ಕು ಘಟಕ ಇದೇ ಪೀಳಿಗೆಯವು, ಎಲ್ಲ ನಿಂತಿವೆ.

ಎಲ್ಲಕ್ಕಿಂತ ಹೆಚ್ಚು ಕಲಿಯಲು ಸಿಗುವುದು ಲಿಥುವೇನಿಯಾದ ಇಗ್ನಾಲಿನಾದಲ್ಲಿ. ಅದು ಚೆರ್ನೋಬಿಲ್ ಜಾತಿಯ ಸ್ಥಾವರ, ದೇಶದ ವಿದ್ಯುತ್ತಿನ ಬಹುಪಾಲನ್ನು ಕೊಡುತ್ತಿತ್ತು. ಯುರೋಪಿಯನ್ ಒಕ್ಕೂಟ ಸೇರಬೇಕಾದರೆ ಮುಚ್ಚಬೇಕು ಅನ್ನೋ ಷರತ್ತಿಗೆ ಒಪ್ಪಿ 2004ರ ಡಿಸೆಂಬರ್ 31ರಂದು ಒಂದು, 2009ರ ಡಿಸೆಂಬರ್ 31ರಂದು ಇನ್ನೊಂದು ಘಟಕ ನಿಲ್ಲಿಸಿದರು. ಕೊಳಗಳಲ್ಲಿದ್ದ ಇಂಧನವನ್ನೆಲ್ಲ ಒಣ ಉಗ್ರಾಣಕ್ಕೆ ಸಾಗಿಸಿ ಮುಗಿಸಿದ್ದು 2022ರಲ್ಲಿ. ಕಳಚುವ ಕೆಲಸ 2038ರವರೆಗೆ ಅಂತ ಯೋಜನೆ ಹಾಕಿದ್ದರು, ಒಟ್ಟು ಖರ್ಚು 300 ಕೋಟಿ ಯೂರೋ ದಾಟುತ್ತದೆ. ಅದರಲ್ಲಿ ದೊಡ್ಡ ಪಾಲು ಯುರೋಪಿಯನ್ ಒಕ್ಕೂಟದ್ದು.

ಮೆಟ್ಸಮೋರ್ ಅಷ್ಟು ದೊಡ್ಡದಲ್ಲ, ಗ್ರಾಫೈಟಿನ ತಲೆನೋವೂ ಇಲ್ಲ. ಖರ್ಚು ಕಡಿಮೆಯೇ ಆಗುತ್ತದೆ. ಆದರೆ ಅರ್ಮೇನಿಯಾ ಒಕ್ಕೂಟದ ಸದಸ್ಯ ದೇಶ ಅಲ್ಲ. ಒಕ್ಕೂಟದ ಜೊತೆ 2017ರಲ್ಲಿ ಸಹಿ ಮಾಡಿ 2021ರಲ್ಲಿ ಪೂರ್ತಿ ಜಾರಿಗೆ ಬಂದ ಒಪ್ಪಂದದಲ್ಲಿ ಮೆಟ್ಸಮೋರ್ ಮುಚ್ಚಿ ಸುರಕ್ಷಿತವಾಗಿ ಕಳಚಬೇಕು ಅಂತ ಬರೆದಿದೆ. ಲಿಥುವೇನಿಯಾಕ್ಕೆ ಸಿಕ್ಕಂಥ ದುಡ್ಡಿನ ಭರವಸೆ ಅದರ ಜೊತೆ ಬಂದಿಲ್ಲ. ಮುಚ್ಚಿ ಅಂತ ಒತ್ತಾಯ ಮಾಡುವವರು ಆ ಖರ್ಚಿನಲ್ಲಿ ಪಾಲು ಹಾಕಲೂ ತಯಾರಿರಬೇಕು. ವಿಕಿರಣ ಗಡಿ ದಾಟುತ್ತದೆ ಅಂತ ಹೇಳುವವರು ಜವಾಬ್ದಾರಿಯೂ ಗಡಿ ದಾಟುತ್ತದೆ ಅಂತ ಒಪ್ಪಬೇಕಲ್ವಾ?

ಅರ್ಮೇನಿಯಾದ ಪಾಲೂ ಇದೆ. ಕಳಚುವ ಕಾರ್ಯತಂತ್ರಕ್ಕೆ ಸರ್ಕಾರ 2007ರಲ್ಲೇ ಒಪ್ಪಿಗೆ ಕೊಟ್ಟಿದೆ. 1989ರಲ್ಲಿ ನಿಂತ ಮೊದಲ ಘಟಕ ಮಾತ್ರ ಇನ್ನೂ ಅಲ್ಲೇ ನಿಂತಿದೆ. ಮೆಟ್ಸಮೋರ್ ಕರೆಂಟ್ ದೇಶದಲ್ಲೇ ಅಗ್ಗದ ಕರೆಂಟ್‌ಗಳಲ್ಲಿ ಒಂದು ಅಂತಾರೆ. ಕಟ್ಟಿದ ಸಾಲವೆಲ್ಲ ಸೋವಿಯತ್ ಜೊತೆಗೇ ತೀರಿದ್ದರಿಂದ ಅದು ಅಗ್ಗ. ಅದನ್ನು ಕಿತ್ತು ಸ್ವಚ್ಛ ಮಾಡುವ ಖರ್ಚನ್ನು ಪೂರ್ತಿ ಸೇರಿಸಿದರೆ ಆ ದರ ಹಾಗೇ ಉಳಿಯುವುದಿಲ್ಲ. ಯೂನಿಟ್ಟಿಗೆ ಇಷ್ಟು ಅಂತ ಈಗಿನಿಂದಲೇ ಹಿಡಿದು, ಬಜೆಟ್ಟಿನ ಕೈಗೆ ಸಿಗದ ಪ್ರತ್ಯೇಕ ಖಾತೆಗೆ ಹಾಕದಿದ್ದರೆ, 2036ರಲ್ಲಿ ಕಳಚಲು ದುಡ್ಡಿಲ್ಲ ಅನ್ನೋದೇ ಇನ್ನೊಂದು ವಿಸ್ತರಣೆಗೆ ಕಾರಣವಾಗುತ್ತದೆ.

2036ರವರೆಗಿನ ವಿಸ್ತರಣೆಯನ್ನು ನಾನು ವಿರೋಧಿಸುವುದಿಲ್ಲ. ಆ ಚಳಿಗಾಲಗಳು ಮತ್ತೆ ಬರಲಿ ಅಂತ ದೂರದಲ್ಲಿ ಕೂತು ಹೇಳುವ ಹಕ್ಕು ಯಾರಿಗೂ ಇಲ್ಲ. ಆದರೆ 2021ರ ಕಾಯಿಸುವಿಕೆಯ ನಂತರ ಪಾತ್ರೆಯ ಉಕ್ಕು ಹೇಗಿದೆ ಅನ್ನೋ ಪರೀಕ್ಷೆಯ ಫಲಿತಾಂಶ ಅರ್ಮೇನಿಯಾದ ಜನರ ಮುಂದೆಯೂ ಟರ್ಕಿ, ಜಾರ್ಜಿಯಾ, ಇರಾನ್, ಅಜರ್‌ಬೈಜಾನ್ ಮುಂದೆಯೂ ಬಿಚ್ಚಿಡಬೇಕು. ಆ ಉಕ್ಕು 2033ಕ್ಕೇ ಸಾಕು ಅಂದರೆ 2033ಕ್ಕೇ ನಿಲ್ಲಿಸಬೇಕು, ಕ್ಯಾಲೆಂಡರ್ ನೋಡಿ ಕೂರಬಾರದು.

ಇನ್ನೊಂದು ತುರ್ತು ಕೆಲಸ ಕೆಲಸಗಾರರದು. ಲಿಥುವೇನಿಯಾ 2002ರಲ್ಲಿ ತಡ ಮಾಡದೆ ತಕ್ಷಣ ಕಳಚುವ ದಾರಿ ಆರಿಸಿತು. ಸ್ಥಾವರ ಓಡಿಸಿದ ಜನ ಊರಲ್ಲಿ ಇರುವಾಗಲೇ ಕೆಲಸ ಆಗಲಿ ಅನ್ನೋದು ಒಂದು ಮುಖ್ಯ ಕಾರಣ. ಯಾವ ಪೈಪು ಯಾವಾಗ ಬದಲಾಯಿತು, ಯಾವ ಕೋಣೆಯಲ್ಲಿ ಯಾವ ವರ್ಷ ಸೋರಿಕೆಯಾಗಿತ್ತು ಅನ್ನೋದು ನಕ್ಷೆಗಳಲ್ಲಿ ಇರುವುದಕ್ಕಿಂತ ಅವರ ನೆನಪಿನಲ್ಲಿ ಜಾಸ್ತಿ ಇರುತ್ತದೆ. ಮೆಟ್ಸಮೋರ್‌ನಲ್ಲಿ 1995ರಲ್ಲಿ ರಿಯಾಕ್ಟರನ್ನು ಮತ್ತೆ ಎಬ್ಬಿಸಿದವರು ಈಗ ನಿವೃತ್ತಿಯ ವಯಸ್ಸು ದಾಟಿದ್ದಾರೆ ಅಥವಾ ಅದರ ಹತ್ತಿರ ಇದ್ದಾರೆ. ಮೊದಲ ಘಟಕವನ್ನು ಕಳಚುವ ಕೆಲಸವನ್ನು ಈಗಲೇ ಅವರ ಕೈಯಲ್ಲಿ ಶುರು ಮಾಡಿಸಿದರೆ, 2036ರಲ್ಲಿ ಎರಡನೆಯದಕ್ಕೆ ಬೇಕಾದ ಹುಡುಗ ಹುಡುಗಿಯರು ಅಲ್ಲೇ ಕಲಿತು ತಯಾರಾಗುತ್ತಾರೆ. ಅದಕ್ಕೆ ಹೊಸ ರಿಯಾಕ್ಟರ್ ಬರುವವರೆಗೆ ಕಾಯಬೇಕಾಗಿಲ್ಲ, ರಷ್ಯಾ ಬೇಕಾ ಅಮೆರಿಕ ಬೇಕಾ ಅನ್ನೋದು ತೀರ್ಮಾನ ಆಗುವವರೆಗೂ ಕಾಯಬೇಕಾಗಿಲ್ಲ.